ಕೊನೆ ಅಳಿಸಿಹೋದ ಕೌಬಾಯ್ ಸಿನಿಮಾ

ಎಂಜಿನ್ ಆಯಿಲ್ ವಾಸನೆಯನ್ನು ಇಷ್ಟಪಡುವ ಹೆಂಗಸರು ಪ್ರಪಂಚದಲ್ಲಿ ಎಷ್ಟು ಜನರಿದ್ದಾರೋ ಗೊತ್ತಿಲ್ಲ, ನಾನಂತೂ ಒಬ್ಬಳು. ಮೊನ್ನೆ ಶನಿವಾರ ಇಲ್ಲಿ ಡೆಸ್ ಪ್ಲೇನ್ಸ್‌ನಲ್ಲಿ ನನ್ನ ಮಗಳು ಮೊದಲ ಸಲ ತಾನೇ ಡ್ರೈವ್ ಮಾಡಿಕೊಂಡು ಕಾರನ್ನು ಆಯಿಲ್ ಬದಲಾಯಿಸುವ ಅಂಗಡಿಯ ಬಾಗಿಲವರೆಗೆ ತಂದಳು. ಅವಳಿಗೆ ಲರ್ನರ್ಸ್ ಪರ್ಮಿಟ್ ಬಂದು ಮೂರು ವಾರವಾಗಿತ್ತಷ್ಟೆ. ಪಕ್ಕದ ಸೀಟಿನಲ್ಲಿ ನಾನು ಜೀವ ಕೈಯಲ್ಲಿ ಹಿಡಿದು ಕೂತಿದ್ದೆ. ಧೈರ್ಯಕ್ಕಿರಲಿ ಎಂದು ಫ್ಲಾಸ್ಕಿನ ಮುಚ್ಚಳ ತೆಗೆದೆ. ಏಲಕ್ಕಿ ಟೀಯ ಘಮ ಒಂದು ಕಡೆ, ಒಳಗಿನ ಗುಂಡಿಯಿಂದ ಏಳುತ್ತಿದ್ದ ಹಳೇ ಆಯಿಲ್ ವಾಸನೆ ಇನ್ನೊಂದು ಕಡೆ... ಎರಡೂ ಸೇರಿದ್ದೇ ತಡ, ನಾನು ಡೆಸ್ ಪ್ಲೇನ್ಸ್‌ನಲ್ಲಿ ಇರಲಿಲ್ಲ. ವಿಕ್ಸಮ್‌ನಲ್ಲಿದ್ದೆ, ನನಗೆ ಇಪ್ಪತ್ತಾರು ವರ್ಷವಾಗಿತ್ತು, ನೆಲದ ಕೆಳಗಿನಿಂದ ಅಂಕಲ್ ಮಾತಾಡುತ್ತಿದ್ದರು.

ಅದು ತೊಂಬತ್ತರ ದಶಕದ ಕೊನೆ. ನನ್ನ ಗಂಡನಿಗೆ ಡೆಟ್ರಾಯಿಟ್ ಕಡೆಯ ಕಂಪನಿಯೊಂದರಲ್ಲಿ ಕಂಪ್ಯೂಟರ್ ಕೆಲಸ. ನನ್ನ ವೀಸಾದಲ್ಲಿ ನಾನು ದುಡಿಯುವ ಹಾಗಿರಲಿಲ್ಲ. ಮೈಸೂರಿನ ಹೈಸ್ಕೂಲಿನಲ್ಲಿ ದಿನಕ್ಕೆ ಐದು ಪೀರಿಯಡ್ ಗಂಟಲು ಹರಿದುಕೊಂಡು ಪಾಠ ಹೇಳುತ್ತಿದ್ದವಳು, ವಿಕ್ಸಮ್‌ನ ಅಪಾರ್ಟ್‌ಮೆಂಟಿನಲ್ಲಿ ಮೂರು ವರ್ಷದ ಮಗಳ ಜೊತೆ ಮೌನವ್ರತ ಹಿಡಿದಿದ್ದೆ. ಒಂದು ದಿನ ಗಂಡ, ‘ಆಯಿಲ್ ಬದಲಾಯಿಸಬೇಕು, ನೀನೇ ಹೋಗಿ ಬಾ, ಡ್ರೈವಿಂಗ್ ಅಭ್ಯಾಸವೂ ಆಗುತ್ತೆ’ ಎಂದು ಕಾರಿನ ಕೀ ಕೊಟ್ಟರು. ಆ ಅಂಗಡಿಯ ನೆಲದ ನಡುವೆ ಕಾರಿನಷ್ಟುದ್ದದ ಗುಂಡಿ ಇರುತ್ತದೆ, ಚಕ್ರಗಳು ಅದರ ಎರಡೂ ಬದಿಗೆ ಬರುವಂತೆ ಕಾರನ್ನು ಮೇಲೆ ನಿಲ್ಲಿಸಬೇಕು ಎಂಬುದನ್ನು ಮಾತ್ರ ಹೇಳಿರಲಿಲ್ಲ.

ಗುಂಡಿ ಕಂಡದ್ದೇ ನಾನು ಬ್ರೇಕ್ ತುಳಿದೆ. ಹಿಂದಿನ ಸೀಟಿನಲ್ಲಿದ್ದ ಮಗಳಿಗೆ, ಅವಳೇನೋ ಉಪಾಯ ಹೇಳುವಳೆಂಬಂತೆ, ‘ಅಯ್ಯೋ, ಕೆಳಗಡೆ ದೊಡ್ಡ ಗುಂಡಿ ಇದೆ ಕಣೇ, ಬಿದ್ದೇ ಹೋಗ್ತೀವಿ!’ ಎಂದು ಕೂಗಿದೆ.

ಗುಂಡಿಯೊಳಗಿಂದ ದನಿ ಬಂತು. ‘ಹೆದರಬ್ಯಾಡ್ರಿ ಯವ್ವಾ, ನಾ ಅದೀನಿ ಕೆಳಗ. ಸಾವಕಾಶ ಮುಂದ ಬರ್ರಿ.’

ಮಿಷಿಗನ್‌ನ ನೆಲದೊಳಗಿಂದ ಹುಬ್ಬಳ್ಳಿ ಕನ್ನಡ ಎದ್ದು ಬಂದರೆ ಯಾರಿಗಾದರೂ ಏನನ್ನಿಸಬೇಕು ಹೇಳಿ. ನನಗಂತೂ ಅಳು ಬಂತು, ನಗುವೂ ಬಂತು. ಸಾವಕಾಶ ಮುಂದೆ ಹೋದೆ. ಮೆಟ್ಟಿಲು ಹತ್ತಿ ಮೇಲೆ ಬಂದವರು ಐವತ್ತರ ಆಸುಪಾಸಿನ, ದಪ್ಪ ಮೀಸೆಯ, ಮೊಣಕೈವರೆಗೆ ಆಯಿಲ್ ಮೆತ್ತಿಕೊಂಡ ಮನುಷ್ಯ. ಅಂಗಡಿ ಅವರದೇ. ನಮ್ಮಿಬ್ಬರಿಗೂ ಏಲಕ್ಕಿ ಟೀ ಬಂತು, ಮೂರು ವರ್ಷದವಳಿಗೂ ಅರ್ಧ ಲೋಟ. ‘ಶನಿವಾರ ಮಧ್ಯಾಹ್ನ ಅಂಗಡಿ ಬಂದ್. ಮನೀಗೆ ಬರ್ರಿ, ಸಿನಿಮಾ ಐತಿ’ ಎಂದರು. ಆವತ್ತಿನಿಂದ ಅವರು ನಮಗೆ ಅಂಕಲ್, ಅವರ ಮನೆಯವರು ಆಂಟಿ.

ಊರಿನ ಅಂಚಿನಲ್ಲಿ ಅವರ ಮನೆ. ಮನೆಗಳ ಬಡಾವಣೆಗಳೆಲ್ಲ ಮುಗಿದ ಮೇಲೆ ಏಳೆಕರೆ ಜಾಗ, ಅದರ ಹಿಂಭಾಗದಲ್ಲಿ ಜೌಗು, ನಡುವೆ ಒಂದು ಕೆರೆ. ಆಂಟಿ ಮನೆಯ ಹಿಂದೆ ಪುಂಡಿಪಲ್ಯ, ಮೆಂತ್ಯ ಬೆಳೆಯುತ್ತಿದ್ದರು. ಚಳಿಗಾಲದ ಶನಿವಾರಗಳಂದು ಸುತ್ತಮುತ್ತಲಿನ ನಾಲ್ಕೈದು ಕನ್ನಡ ಮನೆಗಳ ಮಕ್ಕಳು, ಅವರನ್ನು ತಂದುಬಿಡುವ ನೆಪದಲ್ಲಿ ದೊಡ್ಡವರು, ಅಂಕಲ್ ಮನೆಯ ಬೇಸ್‌ಮೆಂಟಿನಲ್ಲಿ ಸೇರುತ್ತಿದ್ದೆವು. ಎಲ್ಲರಿಗೂ ಆಂಟಿಯ ಮಂಡಕ್ಕಿ ಗಿರ್ಮಿಟ್ಟು, ಮೇಲೆ ಬಿಸಿ ಮಿರ್ಚಿ ಭಜಿ.

ಸಿನಿಮಾ ಮಾತ್ರ ಪ್ರತಿ ಶನಿವಾರವೂ ಅದೇ! ಅಂಕಲ್ ಯಾವ ಕಾಲದಲ್ಲೋ ಟಿವಿಯಿಂದ ರೆಕಾರ್ಡ್ ಮಾಡಿಕೊಂಡಿದ್ದ ಒಂದು ಹಳೆಯ ಕೌಬಾಯ್ ಚಿತ್ರದ ವಿಡಿಯೊ ಟೇಪು. ಶುರುವಿನ ಭಾಗ ರೆಕಾರ್ಡ್ ಆಗಿರಲಿಲ್ಲ, ಹಾಗಾಗಿ ಅದರ ಹೆಸರೇನೆಂದು ನಮಗ್ಯಾರಿಗೂ ಗೊತ್ತಾಗಲಿಲ್ಲ. ಕೊನೆಯೂ ಇರಲಿಲ್ಲ. ಸ್ಕೋಕಿಯಲ್ಲಿ ನಡೆದ ತಮ್ಮನ ಮದುವೆಯ ಚಿತ್ರವನ್ನು ಟೇಪಿಗಿಳಿಸುವಾಗ ಆಂಟಿ ಖಾಲಿ ಟೇಪೆಂದುಕೊಂಡು ಇದನ್ನೇ ಕೊಟ್ಟುಬಿಟ್ಟಿದ್ದರು. ನಾಯಕ ಪೆನ್ನು ಹಿಡಿದು ಕಾಗದದ ಮೇಲೆ ಬಾಗುತ್ತಾನೆ, ಪೆನ್ನಿನ ತುದಿ ಇನ್ನೇನು ಕಾಗದಕ್ಕೆ ತಾಗಬೇಕು... ಪಟ್ಟನೆ ಮುಖದ ತುಂಬ ಹೂವಿನ ಸೆಹ್ರಾ ಇಳಿಬಿಟ್ಟ ಮದುಮಗ ಬಂದುಬಿಡುತ್ತಿದ್ದ! ಮಕ್ಕಳು ಹೋ ಎಂದು ಕಿರುಚುತ್ತಿದ್ದರು. ಅಂಕಲ್ ಕೂಡಲೇ ಟೇಪು ನಿಲ್ಲಿಸಿ, ‘ನಿನ್ನ ತಮ್ಮನ ಲಗ್ನದಾಗ ನನ್ನ ಸಿನಿಮಾ ಹಾಳಾತು ನೋಡು’ ಎನ್ನುತ್ತಿದ್ದರು. ‘ನಿಮ್ಮ ಸಿನಿಮಾ ಮುಗಿದಿದ್ರ ಇಷ್ಟು ವರ್ಷ ಯಾರ್ ನೋಡ್ತಿದ್ರು?’ ಎಂದು ಆಂಟಿ. ಈ ಜಗಳವೂ ಕಾರ್ಯಕ್ರಮದ ಭಾಗವೇ ಆಗಿತ್ತು.

ಇನ್ನೊಂದು ವಿಶೇಷ ಹೇಳಬೇಕು. ಅಂಕಲ್ ಸಿನಿಮಾದ ದನಿಯನ್ನು ಪೂರ್ತಿ ಬಂದ್ ಮಾಡಿಬಿಡುತ್ತಿದ್ದರು. ಅವರ ಅಜ್ಜ ಹಿಂದೆ ಟೆಂಟ್ ಸಿನಿಮಾಗಳಲ್ಲಿ ಇಂಗ್ಲಿಷ್ ಚಿತ್ರ ಬಂದಾಗ ಪರದೆಯ ಪಕ್ಕದಲ್ಲಿ ನಿಂತು ಕನ್ನಡದಲ್ಲಿ ಕಥೆ ಹೇಳುತ್ತಿದ್ದರಂತೆ. ಅದೇ ಪದ್ಧತಿಯನ್ನು ಅಂಕಲ್ ವಿಕ್ಸಮ್‌ಗೆ ತಂದಿದ್ದರು. ಟಿವಿಯ ಪಕ್ಕದಲ್ಲಿ ಕೌಬಾಯ್ ಟೋಪಿ ಹಾಕಿ ನಿಂತು ಅವರು ಶುರು ಹಚ್ಚಿಕೊಂಡರೆ ಮುಗಿಯಿತು. ನಾಯಕನಿಗೆ ಜಾನಪ್ಪ ಎಂದು ಹೆಸರು. ಅವನ ಹೆಂಡತಿ ಮೇರಿಬಾಯಿ. ಕೆರೆಯಂಚಿನ ಜಾನಪ್ಪನ ಹೊಲದಲ್ಲಿ ಎಣ್ಣೆ ಸಿಗುತ್ತದೆಂದು ಗೊತ್ತಾಗಿ, ನೆಲ ಬರೆಸಿಕೊಳ್ಳಲು ಬರುವ ಖಳ ಟಾಮಪ್ಪ ಸಾವ್ಕಾರ. ‘ನೋಡ್ರಿ ಮಂದಿ, ಜಾನಪ್ಪ ಕುದುರಿ ಹತ್ತಿ ಹೊಂಟಾನ. ಹೊಟ್ಟ್ಯಾಗ ಹಸಿವು, ತಲ್ಯಾಗ ಆಸೆ!’

ಮೂರನೆಯ ಶನಿವಾರಕ್ಕೇ ಅವರು ನನ್ನನ್ನೂ ಎಳೆದು ನಿಲ್ಲಿಸಿದರು. ‘ತಂಗಿ, ನೀ ಟೀಚರ್ ಇದ್ದಾಕಿ. ದನಿ ಹಂಗ ಇಟ್ಟರ ಜಂಗು ಹಿಡೀತೈತಿ. ಮೇರಿಬಾಯಿ ನಿಂದು.’ ಹಾಗೆ ನಾನು ಮೇರಿಬಾಯಿಯಾದೆ. ತೆಂಗಿನ ಚಿಪ್ಪು ಬಡಿದು ಕುದುರೆ ಓಡಿಸುವ ಕೆಲಸ ನನ್ನ ಗಂಡನದು. ಆಫೀಸಿನಲ್ಲಿ ಎಲ್ಲರ ಮುಂದೆ ಬಾಯಿ ಬಿಡಲು ಹಿಂಜರಿಯುತ್ತಿದ್ದ ಆ ಮನುಷ್ಯ ಚಿಪ್ಪು ಕೈಗೆ ಬಂದರೆ ಕುದುರೆಗಿಂತ ಜೋರಾಗಿ ಕೆನೆಯುತ್ತಿದ್ದರು. ನಿಜ ಹೇಳುತ್ತೇನೆ, ಆ ದೇಶದಲ್ಲಿ ನಾನು ಮೊದಲ ಸಲ ಗಂಟಲು ಬಿಟ್ಟು ಮಾತಾಡಿದ್ದು, ಹೊಟ್ಟೆ ಹಿಡಿದುಕೊಂಡು ನಕ್ಕಿದ್ದು ಆ ಬೇಸ್‌ಮೆಂಟಿನಲ್ಲಿ.

ಇದರಿಂದ ಆದ ಒಂದೇ ಅನಾಹುತವೆಂದರೆ ನನ್ನ ಮಗಳ ಕನ್ನಡ. ಮನೆಯಲ್ಲಿ ನಾವು ಏನು ಕೇಳಿದರೂ ಅವಳ ಉತ್ತರ ಇಂಗ್ಲಿಷಿನಲ್ಲಿ. ಕನ್ನಡ ಬಾಯಿಗೆ ಬಂದರೆ ಅದು ಜಾನಪ್ಪನ ಕನ್ನಡ. ಮೈಸೂರಿನಿಂದ ನಮ್ಮತ್ತೆ ಫೋನಿನಲ್ಲಿ, ‘ಊಟ ಆಯ್ತಾ ಪುಟ್ಟಿ?’ ಎಂದರೆ ಇವಳು, ‘ಹೊಟ್ಟಿ ಬಿರಿಯಂಗ ಉಂಡೀನ್ರಿ’ ಎನ್ನುತ್ತಿದ್ದಳು. ‘ಯಾರ ಮನೇಲಿ ಬಿಟ್ಟಿದೀರಾ ಮಗೂನ?’ ಎಂದು ಅತ್ತೆ ಗಾಬರಿ ಬಿದ್ದರು.

ಕೊನೆಯಿಲ್ಲದ ಸಿನಿಮಾಕ್ಕೆ ಕೊನೆ ಕಟ್ಟುವುದು ಅಂಕಲ್ ಕೆಲಸ. ಕಪ್ಪಗಾದ ಟಿವಿಯ ಮುಂದೆ ನಿಂತು ವಾರಕ್ಕೊಂದು ಬಗೆ ಹೇಳುತ್ತಿದ್ದರು. ಒಮ್ಮೆ ಜಾನಪ್ಪ ಪೆನ್ನು ಮುರಿದೆಸೆಯುತ್ತಿದ್ದ. ಒಮ್ಮೆ ಮೇರಿಬಾಯಿ ಕೆರೆಯಲ್ಲಿಳಿದು, ‘ನನ್ನ ಮುಳುಗಿಸಿ ಕೊರೀರಿ’ ಎನ್ನುತ್ತಿದ್ದಳು. ಒಮ್ಮೆ ಕುದುರೆ ಬಂದು ಕಾಗದವನ್ನೇ ತಿಂದುಬಿಡುತ್ತಿತ್ತು. ಮಕ್ಕಳಿಗೆ ಇದೇ ಹೆಚ್ಚು ಪ್ರಿಯ. ದಾರಿ ಯಾವುದಾದರೂ ಕೊನೆಗೆ ಕೆರೆ ಉಳಿಯುತ್ತಿತ್ತು, ಎಣ್ಣೆ ನೆಲದೊಳಗೇ ಇರುತ್ತಿತ್ತು, ‘ಕೊಕ್ಕರಿ ಬಂದು ಕೆರೀಗೆ ಇಳದೂವು’ ಎಂಬಲ್ಲಿಗೆ ಕಥೆ ಮುಗಿಯುತ್ತಿತ್ತು. ಆ ಸಿನಿಮಾದಲ್ಲಿ ಒಂದೇ ಒಂದು ಕೊಕ್ಕರೆ ಇರಲಿಲ್ಲ. ಅದು ಅಂಕಲ್ ತಾವೇ ಸೇರಿಸಿದ್ದು.

ಕೊಕ್ಕರೆ ಇದ್ದದ್ದು ಅವರ ಹಿತ್ತಲಿನಲ್ಲಿ. ಪ್ರತಿ ಮಾರ್ಚ್‌ನಲ್ಲಿ, ಹಿಮ ಇನ್ನೂ ಪೂರ್ತಿ ಕರಗುವ ಮೊದಲೇ, ಆ ಜೌಗಿಗೆ ಬೂದುಬಣ್ಣದ ಎರಡು ಎತ್ತರದ ಕ್ರೌಂಚಗಳು, ನಮ್ಮ ಬಾಯಲ್ಲಿ ಕೊಕ್ಕರೆಗಳು, ಬಂದಿಳಿಯುತ್ತಿದ್ದವು. ಹಣೆಯ ಮೇಲೆ ಕುಂಕುಮದಷ್ಟು ಕೆಂಪು. ಅವು ಕೂಗಿದರೆ ಎಣ್ಣೆ ಕಾಣದ ಬಾವಿಯ ರಾಟೆ ತಿರುಗಿದ ಸದ್ದು. ಆಂಟಿ ಮಾತ್ರ ಆ ಸದ್ದು ಕೇಳಿದ ಕೂಡಲೇ ಒಲೆ ಆರಿಸಿ ಹಿಂಬಾಗಿಲಿಗೆ ಓಡುತ್ತಿದ್ದರು. ಒಮ್ಮೆ ನನಗೆ ಹೇಳಿದ್ದರು, ‘ಈ ದೇಶಕ್ಕ ಬಂದ ಮೊದಲನೇ ಚಳಿಗಾಲ ನಾ ಯಾರ ಜೋಡಿನೂ ಮಾತಾಡಿದ್ದಿಲ್ಲ. ಇವರು ಮುಂಜಾನೆ ಗುಂಡಿಗಿಳಿದ್ರ ಸಂಜೀಗೆ ಬರಾವ್ರು. ಮೊದಲ ನನ್ನ ಮಾತಾಡಿಸಿದ್ದು ಇವೆರಡ.’ ನಾನು ಅವರ ಕೈ ಹಿಡಿದುಕೊಂಡೆ. ಮೌನ ಎಂದರೇನೆಂದು ನನಗೂ ಗೊತ್ತಿತ್ತು.

ಎರಡು ಸಾವಿರದ ಇಸವಿ ದಾಟಿದ ಹೊಸತರಲ್ಲಿ ಒಂದು ದಿನ ಚರ್ಮದ ಬೂಟು ಹಾಕಿದ ತರುಣನೊಬ್ಬ ಅಂಕಲ್ ಮನೆ ಬಾಗಿಲಿಗೆ ಬಂದ. ಎಣ್ಣೆ ತೆಗೆಯುವ ಯಾವುದೋ ಕಂಪನಿಯವನು. ಈ ನೆಲದಡಿಯಲ್ಲಿ ಎಣ್ಣೆ ಇರುವ ಸಾಧ್ಯತೆಯಿದೆ, ಒಪ್ಪಿಗೆಯ ಕಾಗದಕ್ಕೆ ಸೈ ಹಾಕಿದರೆ ಕೊರೆಯುತ್ತೇವೆ, ಯಂತ್ರ ಬರಲು ಜೌಗಿನ ಮೇಲೆ ಮಣ್ಣು ತುಂಬಿ ರಸ್ತೆ ಮಾಡಬೇಕಾಗುತ್ತದೆ ಎಂದ. ಬಹಳ ಮರ್ಯಾದಸ್ಥ ಹುಡುಗ, ಸುಳ್ಳು ಹೇಳಲಿಲ್ಲ. ಕೆರೆ ಈಗಿನ ಹಾಗೆ ಉಳಿಯುವುದಿಲ್ಲ ಎಂದು ಅವನೇ ಒಪ್ಪಿಕೊಂಡ.

ಅಂಕಲ್ ಕಾಲು ನೆಲದ ಮೇಲಿರಲಿಲ್ಲ! ಟಾಮಪ್ಪ ಸಾವ್ಕಾರನನ್ನು ವರ್ಷಗಟ್ಟಲೆ ಬೈದ ಬಾಯಿ ಅದೇ. ಅಂಗಡಿಗೆ ಬಂದ ಪ್ರತಿಯೊಬ್ಬರಿಗೂ ಹೇಳಿದ್ದೇ ಹೇಳಿದ್ದು. ನನಗೂ ಹೇಳಿದರು. ‘ಇಪ್ಪತ್ತು ವರ್ಷ ಮಂದಿ ಗಾಡಿಯಿಂದ ಎಣ್ಣಿ ಇಳಿಸೇನಿ ತಂಗಿ, ತಲಿ ಮ್ಯಾಲೆ ಬೀಳೋ ಎಣ್ಣಿ. ಒಮ್ಮೆ ನನ್ನ ನೆಲದಿಂದ ಮ್ಯಾಲೆ ಏರೂದು ನೋಡಬೇಕು. ಒಮ್ಮೆರೆ.’ ಆ ‘ಒಮ್ಮೆರೆ’ ಎನ್ನುವಾಗ ಅವರ ಮುಖ ನೋಡಿದ್ದರಿಂದ ನನಗೆ ಎದುರು ಮಾತಾಡಲು ಬಾಯಿ ಬರಲಿಲ್ಲ. ಬೆಳಗಿನಿಂದ ಸಂಜೆಯವರೆಗೆ ಗುಂಡಿಯಲ್ಲಿ ಕತ್ತೆತ್ತಿ ನಿಂತವರ ಆಸೆಯನ್ನು, ಮೇಲೆ ಕೂತು ಟೀ ಕುಡಿದ ನಾನು ಹೇಗೆ ತಪ್ಪೆನ್ನಲಿ?

ಆಂಟಿ ಜಗಳವಾಡಲಿಲ್ಲ. ಮಾತು ಬಿಟ್ಟರು. ಆ ಶನಿವಾರ ನಮಗೆಲ್ಲ ಮಿರ್ಚಿಯಿಲ್ಲದ ಗಿರ್ಮಿಟ್ಟು ಬಂತು, ಮರುವಾರ ಅದರಲ್ಲಿ ಈರುಳ್ಳಿಯೂ ಇರಲಿಲ್ಲ. ಪರಿಸ್ಥಿತಿ ಎಲ್ಲಿಗೆ ಹೋಗುತ್ತಿದೆಯೆಂದು ಮಕ್ಕಳಿಗೂ ಅರ್ಥವಾಯಿತು. ಅಂಕಲ್ ಮಾತ್ರ ಹಟಕ್ಕೆ ಬಿದ್ದಿದ್ದರು. ಮುಂದಿನ ಶನಿವಾರ ಸಿನಿಮಾಕ್ಕೆ ಬೂಟಿನ ತರುಣನನ್ನೇ ಕರೆದರು. ಎಲ್ಲರ ಮುಂದೆ ಸಿನಿಮಾ ತೋರಿಸಿ, ಎಲ್ಲರ ಮುಂದೆ ಸೈ ಹಾಕುವುದೆಂದು ತೀರ್ಮಾನವಾಗಿತ್ತು. ಅವನು ಕೊಟ್ಟ ಪೆನ್ನು ಮುಂಚೆಯೇ ಅಂಕಲ್ ಅಂಗಿಯ ಜೇಬಿನಲ್ಲಿ ಕೂತಿತ್ತು.

ಮಾರ್ಚ್ ಕೊನೆಯ ವಾರ. ಹಿತ್ತಲಿನಲ್ಲಿ ಎರಡು ದಿನದ ಹಿಂದಷ್ಟೇ ಕೊಕ್ಕರೆಗಳು ಬಂದಿದ್ದವು. ಬೇಸ್‌ಮೆಂಟಿನಲ್ಲಿ ಅತಿಥಿಗೆ ಮುಂದಿನ ಕುರ್ಚಿ. ಆವತ್ತಿನ ಅಂಕಲ್ ಕಥನ ನೀವು ಕೇಳಬೇಕಿತ್ತು! ಜಾನಪ್ಪನ ಕಷ್ಟ ಹೇಳುವಾಗ ಅವರದೇ ಕಣ್ಣು ತುಂಬಿತು. ಟಾಮಪ್ಪನನ್ನು ಮೊದಲ ಸಲ ‘ಟಾಮಪ್ಪನವರು’ ಎಂದರು. ನಾನು ಮೇರಿಬಾಯಿಯ ಮಾತುಗಳನ್ನು ಎಷ್ಟು ಗಟ್ಟಿಯಾಗಿ ಹೇಳಿದರೂ ಅವರು ಅದರ ಮೇಲೆ ತಮ್ಮ ದನಿ ಏರಿಸುತ್ತಿದ್ದರು. ಪೆನ್ನಿನ ತುದಿ ಕಾಗದದ ಹತ್ತಿರ ಬಂತು. ಮದುಮಗ ಬಂದ. ಅಂಕಲ್ ಟೇಪು ನಿಲ್ಲಿಸಿ ಟೋಪಿ ಸರಿಮಾಡಿಕೊಂಡರು.

‘ಜಾನಪ್ಪ... ಸೈ ಮಾಡಿದ!’ ಎಂದರು. ‘ಬಾವಿ ಕೊರದ್ರು. ಎಣ್ಣಿ ಕಾರಂಜಿ ಆಕಾಶಕ್ಕ ಹಾರಿತು. ಜಾನಪ್ಪ ರಾಜಾ ಆದ!’

ಅವರು ಎರಡು ಹೆಜ್ಜೆ ಕುಣಿದೂ ಬಿಟ್ಟರು. ಯಾರೂ ಚಪ್ಪಾಳೆ ತಟ್ಟಲಿಲ್ಲ. ನನ್ನ ಗಂಡನ ಕೈಯಲ್ಲಿ ಚಿಪ್ಪುಗಳು ಸುಮ್ಮನಿದ್ದವು. ಅಷ್ಟರಲ್ಲಿ ಆರು ವರ್ಷದ ನನ್ನ ಮಗಳು ಎದ್ದು ಹೋಗಿ ಟಿವಿಯ ಮುಂದೆ ಅಂಕಲ್‌ಗೆ ಎದುರಾಗಿ ನಿಂತಳು. ಸೊಂಟದ ಮೇಲೆ ಎರಡೂ ಕೈ.

‘ಸುಳ್ಳ ಹೇಳಬ್ಯಾಡ್ರಿ ಅಂಕಲ್’ ಎಂದಳು. ‘ಜಾನಪ್ಪ ಅಂಥಾಂವ ಅಲ್ಲ. ಕೊಕ್ಕರಿ ಎಲ್ಲಿಗೆ ಹೋಗ್ತಾವ?’

ಅಂಕಲ್ ಕಲಿಸಿದ ಕನ್ನಡ, ಅಂಕಲ್ ಸೇರಿಸಿದ ಕೊಕ್ಕರೆ. ಮೆಟ್ಟಿಲ ಮೇಲೆ ಆಂಟಿ ಗಿರ್ಮಿಟ್ಟಿನ ತಟ್ಟೆ ಹಿಡಿದು ನಿಂತಿದ್ದರು. ಅಂಕಲ್ ಅವರತ್ತ ನೋಡಿದರು, ಆಮೇಲೆ ಜೇಬಿನ ಪೆನ್ನನ್ನು ಮುಟ್ಟಿ ನೋಡಿಕೊಂಡರು. ಹೊರಗೆ ರಾಟೆ ತಿರುಗಿದ ಸದ್ದಾಯಿತೋ ಇಲ್ಲವೋ, ಈಗ ನನಗೆ ಖಾತ್ರಿಯಿಲ್ಲ... ಆಯಿತು ಎಂದೇ ಮಗಳು ವಾದಿಸುತ್ತಾಳೆ.

ಅಂಕಲ್ ಬಗ್ಗಿ ಟೇಪನ್ನು ಹಿಂದಕ್ಕೆ ಸುತ್ತಿದರು. ಕುಂಯ್ ಎನ್ನುತ್ತ ಟೇಪು ತಿರುಗಿತು. ಮತ್ತೆ ಮೇಜು, ಮತ್ತೆ ಕಾಗದ, ಮತ್ತೆ ಜಾನಪ್ಪನ ಕೈಯಲ್ಲಿ ಪೆನ್ನು. ಈ ಸಲ ಮದುಮಗ ಬರುವ ಮೊದಲೇ ನಿಲ್ಲಿಸಿದರು. ‘ತಪ್ಪಾತು ಮಂದಿ. ನಾ ಸರಿಯಾಗಿ ನೋಡಿದ್ದಿಲ್ಲ’ ಎಂದರು. ದನಿ ಮೆತ್ತಗಿತ್ತು. ‘ಜಾನಪ್ಪ ಪೆನ್ನು ಎತ್ತಿದ. ನೋಡಿದ. ಯಾರದಿತ್ತೋ ಅವರಿಗೆ ವಾಪಸ್ ಕೊಟ್ಟ.’ ಜೇಬಿನಿಂದ ಪೆನ್ನು ತೆಗೆದು, ಮುಂದಿನ ಕುರ್ಚಿಯಲ್ಲಿದ್ದವನ ಕೈಗಿಟ್ಟರು. ‘ಕೊಕ್ಕರಿ ಬಂದು ಕೆರೀಗೆ ಇಳದೂವು.’

ಬೇಸ್‌ಮೆಂಟ್ ಹಾರಿಹೋಗುವಷ್ಟು ಕೂಗಾಟ! ಚಿಪ್ಪುಗಳು ಬಡಿದುಕೊಂಡವು, ಕುದುರೆ ಕೆನೆಯಿತು. ಪಾಪ ಆ ತರುಣ ಏನಾಯಿತೆಂದು ಕಣ್ಣು ಕಣ್ಣು ಬಿಡುತ್ತಿದ್ದ. ನನ್ನ ಗಂಡ ವಿವರಿಸಿ ಹೇಳಿದ ಮೇಲೆ ತಲೆ ಹಿಂದಕ್ಕೆ ಚೆಲ್ಲಿ ನಕ್ಕ. ಈ ಚಿತ್ರ ನನ್ನಪ್ಪನ ಜೊತೆ ನೋಡಿದ್ದೇನೆ, ನಿಜವಾದ ಕೊನೆ ಏನೆಂದು ಹೇಳಲೇ ಎಂದ. ಮಕ್ಕಳೆಲ್ಲ ಮುಂದಕ್ಕೆ ಬಾಗಿದರು. ಅಂಕಲ್ ಎರಡೂ ಕೈ ಜೋಡಿಸಿ, ‘ನೋ ಸರ್. ಪ್ಲೀಸ್. ಡೋಂಟ್ ಟೆಲ್’ ಎಂದರು. ಅವನು ಹೇಳಲಿಲ್ಲ. ಆಂಟಿ ಮೇಲೆ ಹೋಗಿ ಒಲೆ ಹಚ್ಚಿದರು. ಅರ್ಧ ಗಂಟೆಯಲ್ಲಿ ಬಂದ ಮಿರ್ಚಿ ಭಜಿಯಲ್ಲಿ ಆರನ್ನು ಅತಿಥಿಯೇ ತಿಂದ, ಮೂಗು ಒರೆಸಿಕೊಳ್ಳುತ್ತ.

ಅದೇ ವರ್ಷ ಅಂಕಲ್ ಮತ್ತು ಆಂಟಿ ನೆಲ ಕಾಯುವ ಒಂದು ಸಂಸ್ಥೆಯವರನ್ನು ಕಂಡು ಬೇರೊಂದು ಕಾಗದಕ್ಕೆ ಸೈ ಹಾಕಿದರು. ಮುಂದೆ ಆ ಜಾಗ ಯಾರ ಕೈಗೆ ಹೋದರೂ ಅಲ್ಲಿ ಕೊರೆಯುವಂತಿಲ್ಲ, ಕಟ್ಟುವಂತಿಲ್ಲ. ‘ಎಣ್ಣಿ ರಾಜಾ ಆಗಬೇಕಿತ್ತು, ಕೊಕ್ಕರಿ ಕಾವಲುಗಾರ ಆದೆ’ ಎಂದು ಕೊನೆಯವರೆಗೂ ಹೇಳಿಕೊಂಡು ನಗುತ್ತಿದ್ದರು. ಮುಂದೆ ಊರಿನ ದೊಡ್ಡ ಕಾರ್ಖಾನೆ ಮುಚ್ಚಿ, ಅಂಗಡಿಗೆ ಬರುವ ಗಾಡಿಗಳು ಕಡಿಮೆಯಾದಾಗ, ಆಗ ಸೈ ಹಾಕಿದ್ದರೆ ಚೆನ್ನಾಗಿತ್ತು ಎಂದು ಯಾರೋ ಅಂದರಂತೆ. ಅಂಕಲ್ ಅವರಿಗೆ ಟೀ ಕೊಟ್ಟು, ‘ಕುಡೀರಿ, ಆರತೈತಿ’ ಎಂದರಂತೆ.

ಆ ಹೊತ್ತಿಗೆ ನಾವು ಡೆಸ್ ಪ್ಲೇನ್ಸ್‌ಗೆ ಬಂದಾಗಿತ್ತು. ನನಗೂ ಕೆಲಸ ಮಾಡುವ ಅನುಮತಿ ಸಿಕ್ಕಿ, ಶಾಲೆಯೊಂದರಲ್ಲಿ ಮತ್ತೆ ಗಂಟಲು ಹರಿದುಕೊಳ್ಳತೊಡಗಿದ್ದೆ. ವರ್ಷಕ್ಕೊಮ್ಮೆ ವಿಕ್ಸಮ್‌ಗೆ ಹೋಗುತ್ತಿದ್ದೆವು, ಆಮೇಲೆ ಎರಡು ವರ್ಷಕ್ಕೊಮ್ಮೆ... ದಾರಿ ಐದು ಗಂಟೆಯದ್ದೇ, ನಮಗೇ ಬಿಡುವಿರಲಿಲ್ಲ. ಹೋದ ಚಳಿಗಾಲ ಅಂಕಲ್ ತೀರಿಕೊಂಡರು. ಆವತ್ತು ಹಿಮ ಸುರಿದು ರಸ್ತೆ ಮುಚ್ಚಿತ್ತು. ಮಣ್ಣಿಗೆ ಹೋಗಲಾಗಲಿಲ್ಲ. ಆ ನೋವು ನನ್ನನ್ನು ಈಗಲೂ ಬಿಟ್ಟಿಲ್ಲ.

ಮಾರ್ಚ್‌ನಲ್ಲಿ ಹೋದೆವು. ಆಂಟಿ ಬಾಗಿಲಲ್ಲೇ, ಹಿತ್ತಲಿನ ಕಡೆ ಕೈ ತೋರಿಸಿ, ‘ನಿನ್ನೆ ಬಂದೂವು ಎರಡೂ’ ಎಂದರು. ಸಂಜೆಯ ಮೊದಲು ಮಗಳು ತಾನೇ ಬೇಸ್‌ಮೆಂಟಿಗೆ ಇಳಿದು ಟೇಪು ಹಾಕಿದಳು. ಬಣ್ಣ ಮಾಸಿ, ಗೆರೆಗೆರೆಯಾಗಿತ್ತು. ಪಕ್ಕದಲ್ಲಿ ಕಥೆ ಹೇಳಲು ಯಾರೂ ನಿಲ್ಲಲಿಲ್ಲ, ಸುಮ್ಮನೆ ನೋಡಿದೆವು. ಜಾನಪ್ಪ ಪೆನ್ನು ಹಿಡಿದು ಬಾಗಿದ. ಮದುಮಗ ಬಂದ. ಟೇಪು ನಿಲ್ಲಿಸುವ ಕೈ ಇರಲಿಲ್ಲ. ಅದರ ಪಾಡಿಗೆ ಅದು ಓಡಿತು.

ಅಷ್ಟು ವರ್ಷದಲ್ಲಿ ಅದರ ಮುಂದೆ ಏನಿದೆಯೆಂದು ನಾವು ನೋಡಿಯೇ ಇರಲಿಲ್ಲ. ಮದುಮಗ ಹೋದ, ನೆಂಟರು ಬಂದರು, ಊಟದ ಸಾಲು ಬಂತು. ಸಾಲಿನ ಕೊನೆಯಲ್ಲಿ ದೊಡ್ಡ ಸೌಟು ಹಿಡಿದು, ಇನ್ನೂ ಕಪ್ಪಗಿದ್ದ ಮೀಸೆಯ ಅಂಕಲ್ ನಿಂತಿದ್ದರು. ಕ್ಯಾಮೆರಾ ಹಿಡಿದವರು ಕನ್ನಡದವರೇ ಇರಬೇಕು. ಅಂಕಲ್ ನೇರ ನಮ್ಮ ಕಡೆ ತಿರುಗಿ, ಕಣ್ಣರಳಿಸಿ ನಕ್ಕರು. ಮಗಳು ದನಿ ಏರಿಸಿದಳು.

‘ಬರ್ರಿ, ಬರ್ರಿ, ಕುಂದರ್ರಿ’ ಎಂದರು ಅಂಕಲ್. ‘ಇನ್ನೂ ಭಾಳ ಐತಿ.’

ಆಂಟಿ ಸೆರಗಿನಿಂದ ಬಾಯಿ ಮುಚ್ಚಿಕೊಂಡರು. ಆಮೇಲೆ ಅಳುತ್ತಲೇ ನಗಲು ಶುರು ಮಾಡಿದರು. ‘ನೋಡ್ರಿ, ನನ್ನ ತಮ್ಮನ ಲಗ್ನ ನಿಮ್ಮ ಸಿನಿಮಾ ಹಾಳು ಮಾಡಿತಂತ’ ಎಂದರು ಟಿವಿಗೆ. ಮಗಳು ಟೇಪನ್ನು ಹಿಂದಕ್ಕೆ ಸುತ್ತಿದಳು. ನಾವು ಅಂಕಲ್ ಕರೆಯುವುದನ್ನು ಎಷ್ಟು ಸಲ ನೋಡಿದೆವೋ ಲೆಕ್ಕವಿಲ್ಲ.

ಮೊನ್ನೆ ಆಯಿಲ್ ಅಂಗಡಿಯ ಬಾಗಿಲಲ್ಲಿ ನನಗೆ ಇದೆಲ್ಲ ನೆನಪಾಗುತ್ತಿತ್ತು. ಒಳಗೆ ಉದ್ದದ ಗುಂಡಿ ಕಾಣುತ್ತಿತ್ತು. ಮಗಳು ಬ್ರೇಕ್ ತುಳಿದು ನಿಂತಿದ್ದಳು. ಸ್ಟಿಯರಿಂಗ್ ಹಿಡಿದ ಅವಳ ಬೆರಳು ಬೆಳ್ಳಗಾಗಿದ್ದವು. ಕಿಟಕಿಯ ಗಾಜು ಇಳಿಸಿ, ಕತ್ತು ಹೊರಗೆ ಚಾಚಿ, ಮೆಲ್ಲಗೆ ಕೇಳಿದಳು:

‘ಅಂಕಲ್, ಕೆಳಗ ಅದೀರೇನ್ರಿ?’

ಗುಂಡಿಯಲ್ಲಿದ್ದವರು ಯಾರೋ ಸಿಳ್ಳೆ ಹಾಕಿಕೊಂಡು ತಮ್ಮ ಕೆಲಸ ಮಾಡುತ್ತಿದ್ದರು. ನನ್ನ ಕಣ್ಣು ತುಂಬಿತು. ಮಗಳು ಕಣ್ಣೊರೆಸಿಕೊಂಡು ಸಾವಕಾಶ ಮುಂದೆ ಹೋಗಿ, ಕಾರನ್ನು ಗುಂಡಿಯ ಮೇಲೆ ಸರಿಯಾಗಿ ನಿಲ್ಲಿಸಿದಳು.